ಹೊತ್ತು ಕಟ್ಟಿದ ನೂಲು

ಮೇಲೂರಿನ ಅನಸೂಯಮ್ಮನ ಮನೆಯಲ್ಲಿ ಆ ದಿನ ಹುಳು ಹಣ್ಣಾಗಿತ್ತು. ರೇಷ್ಮೆ ಹುಳು ಹಣ್ಣಾಯಿತೆಂದರೆ ಮುಗಿಯಿತು, ಮನೆಯಲ್ಲಿ ಮದುವೆಯಿರಲಿ ಸಾವಿರಲಿ, ಆರಿಸಿ ಗೂಡು ಕಟ್ಟಲು ಬಿದಿರಿನ ಚಂದ್ರಿಕೆಗೆ ಬಿಡಲೇಬೇಕು. ಅದು ಯಾರಪ್ಪನ ಮಾತನ್ನೂ ಕೇಳುವುದಿಲ್ಲ. ತೊಂಬತ್ತೈದರ ಆ ಮಳೆಯ ಸಂಜೆ ಕರೆಂಟಿಲ್ಲದ ನಡುಮನೆಯಲ್ಲಿ ಲಾಟೀನು ಹಚ್ಚಿಕೊಂಡು ಅಕ್ಕಪಕ್ಕದ ನಾಲ್ಕು ಹೆಂಗಸರು ಹುಳು ಆರಿಸುತ್ತಿದ್ದರು. ಒಳಕೋಣೆಯಲ್ಲಿ ಅನಸೂಯಮ್ಮನ ತಾಯಿ ಮಂಗಮ್ಮ ಇವತ್ತೋ ನಾಳೆಯೋ ಎನ್ನುವಂತೆ ಮಲಗಿದ್ದಳು. ಮಂಗಮ್ಮನ ಮಗ ನಲ್ಲಪ್ಪ ಗೌರಿಬಿದನೂರಿನಿಂದ ಹೊರಟಿದ್ದ; ಹಳ್ಳ ತುಂಬಿ ಬಸ್ಸು ನಿಂತಿದೆಯೆಂದು ಸುದ್ದಿ ಬಂದಿತ್ತು. ಮಗನ ಮುಖ ನೋಡದೆ ತಾಯಿ ಹೋಗಿಬಿಟ್ಟರೆ ಎಂಬ ಸಂಕಟ ಅನಸೂಯಮ್ಮನದು.

ಅವಳು ಹಿಂದಿನ ಬೆಳೆಯ ಒಂದು ಗಟ್ಟಿ ಗೂಡು ತಂದು, ಹುಳು ಆರಿಸುತ್ತಿದ್ದವರಲ್ಲಿ ಹಿರಿಯಳಾದ ಮುದುಕಿ ಚಿಕ್ಕವೆಂಕಟಮ್ಮನ ಮುಂದೆ ಇಟ್ಟಳು.

"ಹೊತ್ತು ಕಟ್ಟಿಕೊಡಜ್ಜಿ. ನಲ್ಲಪ್ಪ ಬರೋವರ್ಗೂ ಸಾಕು."

ಮುದುಕಿಯ ಕೈ ನಿಂತಿತು. ಅವಳು ಮಂಡಿಕಲ್ ಕಡೆಯವಳು. ಬಾಯಿ ಜೋರು, ಆದರೆ ಒಂದು ಕಾಲಕ್ಕೆ ಇಡೀ ಶಿಡ್ಲಘಟ್ಟದಲ್ಲಿ ನೂಲು ತೆಗೆಯುವುದರಲ್ಲಿ ಅವಳನ್ನು ಮೀರಿಸುವವರಿರಲಿಲ್ಲ.

"ಕುತ್ಕೊಳ್ಳಮ್ಮ," ಎಂದಳು. "ಮೊದ್ಲು ಕೇಳು. ಆಮೇಲೂ ಬೇಕು ಅಂದ್ರೆ ಕಟ್ಟಣ.

"ನಮ್ ಕಡೆ ಇದು ಹೊಸ್ದಲ್ಲ. ಸಾಯೋರು ಯಾರಿಗಾದ್ರೂ ಕಾಯ್ತಾ ಇದ್ರೆ ಮಂಚದ ನಾಕು ಕಾಲಿಗೂ ನೂಲು ಸುತ್ತಿ ಹೊತ್ತು ಕಟ್ಟೋರು. ಊರೋರೆಲ್ಲ ಬಂದು ಆ ಮನೆ ಮುಂದೆ ಕೂರೋರು, ಯಾರ್ ಮನೇಲೂ ಒಲೆ ಹಚ್ತಿರ್ಲಿಲ್ಲ… ಬರಬೇಕಾದೋರು ಬಂದ್ಮೇಲೆ ಕಟ್ಟಿದ ಕೈನೇ ಬಿಚ್ಚೋದು, ಜೀವ ಹಗುರಾಗಿ ಹೋಗೋದು. ಎಷ್ಟು ಜನ ಮಕ್ಳು ಹಂಗೆ ದೂರ್ದಿಂದ ಬಂದು ಬಾಯಿಗೆ ನೀರು ಬಿಟ್ಟಿಲ್ಲ! ಆದ್ರೆ ನೂಲು ಯಾವ್ದು? ಚಿಟ್ಟೆ ತೂತು ಮಾಡ್ಕೊಂಡು ಆಚೆ ಹೋಗಿರ್ತದಲ್ಲ, ಆ ಗೂಡಿಂದು. ತುಂಡು ತುಂಡು, ಗಂಟು ಗಂಟು… ಅದನ್ನ ನೂಲು ಅಂತಾರಾ?

"ಎಂಬತ್ತೆರಡನೇ ಇಸವಿ. ನಮ್ಮಪ್ಪ ಆವುಲಪ್ಪ ಮಲಗ್ಬಿಟ್ಟ. ನನ್ ತಮ್ಮ ಎರ್ರಪ್ಪ ಲಾರಿ ಮೇಲೆ ಹೋದೋನು ಚಿಂತಾಮಣಿ ಕಡೆ ಎಲ್ಲೋ ಇದ್ದ. 'ಎರ್ರಪ್ಪ ಬಂದ್ನಾ?' ಅಂತ ಅಪ್ಪ ಒಂದೇ ಸಮ ಕೇಳ್ತಾ ಇದ್ದ. ನಾನೇ ಕಟ್ಟಕ್ಕೆ ಕುಂತೆ. ನನ್ಗೋ ಕೊಬ್ಬು. ಶಿಡ್ಲಘಟ್ಟವೇ ಹೊಗಳಿರೋ ಕೈ ಇದು, ಹೆತ್ತಪ್ಪನಿಗೆ ಗಂಟು ನೂಲು ಕಟ್ಟೋದಾ ಅಂತ… ಒಳ್ಳೆ ಗೂಡು ಆರಿಸಿ, ಬಿಸಿನೀರಿಗೆ ಹಾಕಿ, ಒಂದೂ ಗಂಟಿಲ್ದಂಗೆ ಎಳೆದು ಸುತ್ತಿದೆ. ಎಂಥಾ ನೂಲು ಗೊತ್ತಾ! ಆ ಗೂಡಿನ ಹುಳು ಒಳಗೇ ಬೆಂದು ಸತ್ತಿತ್ತು, ಆಚೆ ಹೋಗಕ್ಕೆ ಅದಕ್ಕೆ ಬಾಗ್ಲೇ ಇರ್ಲಿಲ್ಲ ಅಂತ ಈ ಕತ್ತೆಗೆ ಹೊಳೀಲೇ ಇಲ್ಲ.

"ಬೆಳಗ್ಗೆ ಎರ್ರಪ್ಪ ಬಂದ. 'ವಚ್ಚಿನಾನು ನಾಯನಾ, ಬಂದಿದ್ದೀನಿ ಅಪ್ಪಾ' ಅಂತ ಕೈ ಹಿಡ್ಕೊಂಡ. ಅಪ್ಪ ಅವನ್ ಮುಖಾನೇ ನೋಡ್ಕೊಂಡು ಕೇಳ್ದ… 'ಎರ್ರಪ್ಪ ಬಂದ್ನಾ?'"

ಹೆಂಗಸರ ಕೈಗಳೆಲ್ಲ ನಿಂತವು. ಕೈಯಲ್ಲಿದ್ದ ಹುಳು ಬೆರಳ ಮೇಲೆ ಹತ್ತುತ್ತಿದ್ದರೂ ಅನಸೂಯಮ್ಮನಿಗೆ ಅರಿವಾಗಲಿಲ್ಲ.

"ಬಿಚ್ಚಣ ಅಂತ ಹೋದ್ರೆ ತುದೀನೇ ಸಿಗ್ಲಿಲ್ಲ. ಕತ್ರಿ ಹಾಕ್ದೆ. ಅಪ್ಪ ಅಲ್ಲೇ ತಣ್ಣಗಾದ, ಮಣ್ಣು ಮಾಡಿ ಬಂದ್ವಿ. ಮಾರನೇ ದಿನ ದೀಪ ಹಚ್ಚೋ ಹೊತ್ಗೆ, ಬರೀ ಮಂಚದಿಂದ ಅದೇ ದನಿ. ನಾನು ಕಟ್ಟಿದ್ದು ಜೀವಾನಲ್ಲ ಕಣ್ರಮ್ಮ, ಅವನು ಕಾಯ್ತಿದ್ದ ಹೊತ್ನ. ಜೀವ ಹೋಯ್ತು, ಕಾಯೋದು ಹೋಗ್ಲಿಲ್ಲ. ಎರ್ರಪ್ಪ ದಿನಾ ಆ ಕೋಣೇಲಿ ನಿಂತು 'ಬಂದಿದ್ದೀನಿ, ಬಂದಿದ್ದೀನಿ' ಅಂತ ಕೂಗಿ ಕೂಗಿ ಸೊರಗೋದ. ಅವನೂ ತೀರ್ಕೊಂಡು ಐದು ವರ್ಷ ಆತು…"

"ಈಗ, ಅಜ್ಜಿ?"

ಮುದುಕಿ ಲಾಟೀನಿನ ಬತ್ತಿ ಏರಿಸಿದಳು.

"ಹೋದ ಮಂಗಳವಾರ ಹೋಗಿದ್ದೆ. ಮನೆ ಚಾವಣಿ ಬಿದ್ದೋಗಿದೆ, ಮಂಚಾನೂ ಇಲ್ಲ. ಈಗ ಒಂದಲ್ಲ, ಎರಡು ದನಿ… ಒಂದು 'ಬಂದ್ನಾ?' ಅಂತ ಕೇಳ್ತದೆ, ಇನ್ನೊಂದು 'ಬಂದಿದ್ದೀನಿ ನಾಯನಾ' ಅಂತದೆ. ಒಬ್ಬರ್ದು ಒಬ್ಬರಿಗೆ ಕೇಳ್ಸಲ್ಲ. ನಂಬ್ದಿದ್ರೆ ನಾಳೆ ದೀಪದ ಹೊತ್ಗೆ ಮಂಡಿಕಲ್‌ಗೆ ಹೋಗಿ ನಿಂತ್ಕೊಂಡು ಕೇಳಿ."

ಒಳಕೋಣೆಯಿಂದ ಮಂಗಮ್ಮನ ಸಣ್ಣ ದನಿ ಬಂತು.

"ನಲ್ಲಪ್ಪ ಬಂದ್ನೇನೇ?"

ತಾನು ತಂದ ತೂತಿಲ್ಲದ ಗೂಡನ್ನು ಅಲ್ಲಿಯೇ ಬಿಟ್ಟು ಅನಸೂಯಮ್ಮ ಒಳಗೆ ಓಡಿದಳು. ತಾಯಿಯ ತಲೆಯನ್ನು ತೊಡೆಯ ಮೇಲೆ ಇಟ್ಟುಕೊಂಡಳು. ಬಂದ, ಬಾಗಿಲಲ್ಲೇ ಇದ್ದಾನೆ ಎಂದು ಹೇಳಿ ಇನ್ನೊಂದು ಗಳಿಗೆ ತಡೆದುಬಿಡಬೇಕೆನ್ನಿಸಿತು. ತಾಯಿಯ ಹಣೆ ಸವರಿದಳು.

"ಇಲ್ಲಮ್ಮ, ಬಂದಿಲ್ಲ. ಅವನಿಗೆ ನಾನು ಹೇಳ್ಕೋತೀನಿ. ನೀನು ಹೊರಡಮ್ಮ."