ಎಡಕ್ಕೆ ವಾಲಿದ ಸರಿ ಗುರುತು

ವೇಲ್ಸಿನ ಬ್ರಿನಮನ್ ಎಂಬ ಊರಿನ ಔಷಧಿ ಅಂಗಡಿಯ ಸಾಲಿನಲ್ಲಿ ತನ್ನ ಮುಂದೆ ನಿಂತಿದ್ದ ಇಬ್ಬರನ್ನೂ ನಿವೃತ್ತ ಅಂಚೆಯವ ಇದ್ವಲ್ ಬಲ್ಲ. ಹೆಲೆದ್ ಶಾಲೆಯಲ್ಲಿ ಗಣಿತದ ಮೇಡಂ. ಶನಿವಾರ ವೇಲ್ಸ್ ಪರವಾಗಿ ರಗ್ಬಿ ಆಡಬೇಕಾದವಳು. ಮೆರೇರಿಡ್ ಅದೇ ತಂಡದ ಆಟಗಾರರ ಗಾಯ-ನೋವು ನೋಡಿಕೊಳ್ಳುವ ಫಿಸಿಯೋ. ಅವಳ ಮಗಳು ಗ್ವೆನ್ನೋ ಓದುವುದು ಹೆಲೆದ್‌ಳ ತರಗತಿಯಲ್ಲಿ. ಊರು ಚಿಕ್ಕದು. ಇದ್ವಲ್ ತನ್ನ ಔಷಧಿ ಚೀಟಿಯನ್ನು ಓದುವವನಂತೆ ತಲೆ ತಗ್ಗಿಸಿದ.

“ಮಗಳ ನೋಟ್‌ಬುಕ್ ನೋಡ್ದೆ. ಈ ವಾರ ಸರಿ ಗುರುತೆಲ್ಲ ಎಡಕ್ಕೆ ವಾಲಿವೆಯಲ್ಲೇ.”

“ಮೂವತ್ತು ಪುಸ್ತಕ ತಿದ್ದಿದ್ರೆ ನೀವೂ ವಾಲ್ತಿದ್ರಿ.”

“ತಮಾಷೆ ಬೇಡ. ಎಡಗೈಲಿ ತಿದ್ದಿದೀಯ. ಎಲ್ಲಿ, ಮೇಲಿನ ಹಲಗೇಲಿರೋ ಆ ಕೆಮ್ಮಿನ ಔಷಧಿ ತೆಕ್ಕೊಡು.”

ಹೆಲೆದ್ ಎಡಗೈ ಚಾಚಿದಳು.

“ಬಲಗೈಲಿ.”

ಬಲಗೈ ಭುಜದ ಮಟ್ಟಕ್ಕೆ ಏರಿ ಅಲ್ಲೇ ನಿಂತಿತು.

“ಯಾವಾಗಿಂದ?”

“ಸೋಮವಾರದ ಪ್ರಾಕ್ಟೀಸಿಂದ. ಶನಿವಾರ ಒಂದು ಮುಗೀಲಿ, ದಮ್ಮಯ್ಯ ಅಂತೀನಿ. ಇಂಗ್ಲೆಂಡ್ ಮೇಲೆ ಆಡೋಕೆ ಆರು ವರ್ಷ ಕಾದಿದೀನಿ.”

“ಬಿದ್ದು ಭುಜ ಕಳಚಿದ್ರೆ ಬೋರ್ಡ್ ಮೇಲೆ ಬರೆಯೋದಕ್ಕೂ ಆಗಲ್ಲ.”

“ಇಲ್ಲಿ ನೀವು ಬರೀ ಗ್ವೆನ್ನೋಳ ಅಮ್ಮ. ನೀವೇನೂ ನೋಡಿಲ್ಲ.”

“ಪುಸ್ತಕ ನೋಡಿದ್ದು ಅಮ್ಮ. ಭುಜ ನೋಡಿದ್ದು ಫಿಸಿಯೋ. ಕೋಚ್‌ಗೆ ನೀನು ಹೇಳ್ತೀಯೋ, ನಾನು ಹೇಳ್ಲೋ?”

ಹೆಲೆದ್ ತನ್ನ ಫೋನನ್ನು ಮುಂದೆ ಹಿಡಿದಳು.

“ನಾನೇ ಹೇಳ್ತೀನಿ. ನಂಬರ್ ನೀವು ಒತ್ತಿ. ಎಡಗೈಲಿ ನಾನು ಒತ್ತಿದ್ರೆ ಅದೂ ವಾಲುತ್ತೆ.”

ಇಬ್ಬರೂ ಹೊರಗೆ ಹೋದರು. ಏನನ್ನೂ ಕೇಳಿಸಿಕೊಳ್ಳದಂತೆ ನಿಂತಿದ್ದ ಸಾಲು ಎರಡು ಹೆಜ್ಜೆ ಮುಂದೆ ಸರಿಯಿತು.