ಚಿಕ್ಕಮ್ಮನ ಬೆನ್ನು

ಇದು ಯಾರೋ ಹೇಳಿದ್ದಲ್ಲ. ಹೋದ ಜನವರೀಲಿ ನಮ್ಮ ತ್ಯೂನೆ ಚಿಕ್ಕಮ್ಮಂಗೇ ಆಗಿದ್ದು... ಆ ಬಾಗಿಲು ಒಂಚೂರು ಮುಂದೆ ಮಾಡಿ.

ಫಿನ್ಲೆಂಡಿನ ಚಳಿ, ಕಗ್ಗತ್ತಲು. ಕೆರೆ ದಡದ ಸೌನಾದಿಂದ, ಅದೇ ಊರೋರ ಹಬೆಸ್ನಾನದ ಮನೆಯಿಂದ, ಚಿಕ್ಕಮ್ಮ ಒಬ್ಳೇ ವಾಪಸ್ ಬರ್ತಿದ್ಳು. ಕಾಲಡಿ ಹಿಮ ಕರಕ್... ಕರಕ್. ಊರ ಬಾವಿ ಹತ್ರ ನಿಂತುಬಿಟ್ಳು. ಅಳು ಬಂದಿತ್ತು.

ಸೌನಾದಲ್ಲಿ ಕಾದ ಕಲ್ಲಿಗೆ ನೀರು ಹಾಕೋ ಮುಂಚೆ ಪಕ್ಕದೋರನ್ನ "ಹಾಕ್ಲಾ?" ಅಂತ ಕೇಳ್ಬೇಕು. ಅವತ್ತು ಒಳಗಿದ್ದ ಊರ ಹುಡುಗೀರು ಕೇಳ್ಲೇ ಇಲ್ಲ.

"ಏನ್ರೇ, ನಾನೂ ಇದೀನಿ" ಅಂದ್ಳಂತೆ ಚಿಕ್ಕಮ್ಮ.

ಒಬ್ಳೂ ತಿರುಗಿ ನೋಡ್ಲಿಲ್ಲ. ಅಷ್ಟೇ ಅಲ್ಲ, ಬಾಗಿಲಲ್ಲಿ ನಿಂತಿದ್ದ ಗೆಳತೀನ ಕರೆದು, "ಬಾರೇ, ಇಲ್ಲಿ ಯಾರೂ ಇಲ್ಲ" ಅಂದ್ರಂತೆ! ನಾನಿದ್ದಿದ್ರೆ ಸರಿಯಾಗಿ ಜಾಡಿಸ್ತಿದ್ದೆ.

ನಮ್ಮಮ್ಮ ಬದುಕಿದ್ದಾಗ ಹೀಗಿರ್ಲಿಲ್ಲ. ಪ್ರತಿ ಶನಿವಾರ ತಂಗೀನ ಸೌನಾದಲ್ಲಿ ಪಕ್ಕ ಕೂರಿಸ್ಕೊಂಡು ಬರ್ಚ್ ಮರದ ಸೊಪ್ಪಿಂದ ಬೆನ್ನು ಉಜ್ಜೋಳು. ಅಮ್ಮ ಹೋದ್ಮೇಲೆ ಚಿಕ್ಕಮ್ಮನ್ನ ಮುಟ್ಟಿ ಮಾತಾಡ್ಸೋರೂ ಇಲ್ಲ.

ಎಲ್ರೂ ಎದ್ದುಹೋದ ಮೇಲೆ ಸೌನಾದಲ್ಲಿ ಉಳಿಯೋ ಕಾವು ಸತ್ತೋರಿಗೆ ಅಂತ ಬಿಡ್ತೀವಿ. ಆಗ ಯಾರೂ ಒಳಗೆ ಕಾಲಿಡಲ್ಲ. ಚಿಕ್ಕಮ್ಮ ಬಾವಿ ಹತ್ರದಿಂದ ತಿರುಗಿ ಅಲ್ಲಿಗೇ ಹೋದ್ಳು. "ಬದುಕಿರೋರಿಗೆ ನಾನು ಕಾಣಲ್ಲ. ಸತ್ತೋರಿಗಾದ್ರೂ ಕಾಣ್ತೀನೇನೋ" ಅನ್ನಿಸ್ತಂತೆ.

ದೀಪ ಹಾಕ್ಲಿಲ್ಲ. ಕತ್ತಲಲ್ಲೇ ಕೂತ್ಳು. ಒಲೇಲಿ ಕೆಂಡ ಚಟ್ ಅಂತು. ಸೂರಿಂದ ನೀರು ತೊಟ್... ತೊಟ್...

ಮೇಲೆ ಕೂರೋ ಹಲಗೆ ಕಿರ್ರ್ ಅಂತು.

"ಹಾಕ್ಲಾ, ಪುಟ್ಟೀ?"

ಎಂಬತ್ತು ದಾಟಿದ ಹೆಂಗಸನ್ನ ಪುಟ್ಟಿ ಅಂತ ಈಗ ಯಾರು ಕರೀತಾರೆ, ಹೇಳಿ...

"ಹಾಕು" ಅಂದ್ಳು ಚಿಕ್ಕಮ್ಮ, ಪಿಸುದನೀಲಿ.

ಕಲ್ಲಿನ ಮೇಲೆ ಚುಸ್ಸ್... ಬಿಸಿ ಹಬೆ ಮುಖಕ್ಕೆ ಹೊಡೀತು.

"ಬೆನ್ನು ಕೊಡು."

ಅಲ್ಲಿಂದ ಸೀದಾ ನಮ್ಮನೆಗೆ ಬಂದ್ಳು. ಕೂದಲ ತುದೀಲಿ ನೀರು ಹೆಪ್ಪುಗಟ್ಟಿತ್ತು. ಮುಖದಲ್ಲಿ ಮಾತ್ರ ನಗು. ಹೆದರಿದ್ದು ನಾನು, ಅವಳಲ್ಲ.

"ಎಲ್ಲೋ ನಿದ್ದೆಗಣ್ಣು, ಚಿಕ್ಕಮ್ಮ. ಕನಸು ಬಿದ್ದಿರ್ಬೇಕು" ಅಂದೆ.

ಅವಳ ನಗು ಆರಿಹೋಯ್ತು. "ನಿಂಗೂ ನಾನು ಕಾಣಲ್ವೇನೇ? ನೋಡು ಇಲ್ಲಿ" ಅಂತ ತಿರುಗಿ ಅಂಗಿ ಎತ್ತಿದ್ಳು.

ಬೆನ್ನೆಲ್ಲಾ ಉಜ್ಜಿ ಉಜ್ಜಿ ಕೆಂಪಗಾಗಿತ್ತು. ನಡುಬೆನ್ನಲ್ಲಿ, ಅವಳ ಕೈ ಎಟುಕದ ಜಾಗದಲ್ಲಿ, ಒಂದು ಬರ್ಚ್ ಎಲೆ ಅಂಟ್ಕೊಂಡಿತ್ತು. ಎಳೇ ಹಸಿರು. ಹೊರಗೆ ಮರಗಳೆಲ್ಲ ಬೋಳು.

ನಂಬಿ, ಬಿಡಿ. ಆ ಎಲೇನ ಬಿಡಿಸಿ ತೆಗೆದಿದ್ದು ಇದೇ ಕೈ. ಇನ್ನೂ ಬೆಚ್ಚಗಿತ್ತು.