ಒಂದೇ ಹಾರ, ಎರಡು ಫೋಟೊ

ನನ್ನ ಹೆಸರು ಹಾಲಪ್ಪ, ವಯಸ್ಸು ಐವತ್ತೊಂದು, ಮನೆ ರಿಪೇರಿ ಕೆಲಸ, ವಾಸ ಬ್ರಿಸ್ಬೇನ್‌ನ ರನ್‌ಕಾರ್ನ್. ಓದಿದ್ದು ಏಳನೇ ಕ್ಲಾಸು. ಈ ಮೂಲಕ ಪೊಲೀಸರಿಗೆ ಕನ್ನಡದಲ್ಲಿ ಹೇಳಿ ಬರೆಸುವುದೇನೆಂದರೆ: ತಮಾಷೆ ಬೇಡ ಎಂದು ದುಭಾಷಿ ಸೌಜನ್ಯ ಮೇಡಂ ಆಗಲೇ ಎರಡು ಸಲ ಹೇಳಿದ್ದಾರೆ. ಬಿಟ್ಟಿದ್ದೇನೆ.

ಕಳೆದ ಭಾನುವಾರ ಬೆಳಿಗ್ಗೆ ಹತ್ತಕ್ಕೆ ಇಂಡೂರೂಪಿಲ್ಲಿ ಹತ್ತಿರ, ಸ್ಪೇನ್ ಕಡೆಯ ಬಾಸ್ಕ್ ಜನ ಸೇರುವ ಸಣ್ಣ ಹಾಲ್‌ಗೆ ಹೋದೆ. ಇಮಾನೋಲ್ ಅಂಕಲ್, ವಯಸ್ಸು ಎಪ್ಪತ್ತಾರು, ತಮ್ಮ ಅಣ್ಣನ ಮಗನ ಫೋಟೊ ಗೋಡೆಗೆ ಹಾಕಲು ಕರೆದಿದ್ದರು. ಆತ ಬಾಸ್ಕ್ ನಾಡು ಬೇರೆಯಾಗಬೇಕೆಂದು ಬಂದೂಕು ಹಿಡಿದ ಗುಂಪಿನಲ್ಲಿದ್ದವನು, ಜೈಲು ಕಂಡವನು, ಈಚೆಗೆ ತೀರಿಕೊಂಡನಂತೆ. ಫ್ರೇಮಿನ ಕೆಳಗೆ ‘ಗುದಾರಿ’ ಎಂದು ಅಂಟಿಸಿದ್ದರು. ಸೈನಿಕ ಎಂದು ಅರ್ಥ ಹೇಳಿದರು.

ಅದೇ ಗೋಡೆಯಲ್ಲಿ ಅವರ ಗೆಳೆಯ ಜೊಸೆಬಾ ಅಂಕಲ್ಲಿನ ತಂದೆಯ ಫೋಟೊ ಇತ್ತು. 1937ರಲ್ಲಿ, ಸ್ಪೇನಿನ ಅಂತರ್ಯುದ್ಧದಲ್ಲಿ, ಬಾಸ್ಕ್ ಸೈನ್ಯದಲ್ಲಿ ಹೋರಾಡಿದವರು. ಕೆಳಗೆ ಅದೇ ಪದ. ಇಬ್ಬರೂ ಒಂದೇ ಪಡೆಯವರು ಎಂದುಕೊಂಡು ಪಕ್ಕದಲ್ಲೇ ಮೊಳೆ ಹೊಡೆದೆ. ಸತ್ತವರ ಫೋಟೊ ಬರಿದಾಗಿ ಬಿಡಲು ಮನಸ್ಸಾಗದೆ, ನನ್ನ ಹೆಂಡತಿ ಇಂದಿರಾ ಹಬ್ಬಕ್ಕೆಂದು ವ್ಯಾನಿನಲ್ಲಿಟ್ಟಿದ್ದ ಪ್ಲಾಸ್ಟಿಕ್ ಸೇವಂತಿಗೆ ಹಾರವನ್ನು ಎರಡಕ್ಕೂ ಸೇರಿಸಿ ಹಾಕಿ, ಊದಿನಕಡ್ಡಿ ಹಚ್ಚಿದೆ. ಇಮಾನೋಲ್ ಅಂಕಲ್ ಕಣ್ಣು ಒರೆಸಿಕೊಂಡರು.

ಹನ್ನೊಂದಕ್ಕೆ ಜೊಸೆಬಾ ಅಂಕಲ್ ಊಟಕ್ಕೆ ಮೀನು ತಂದರು. ಗೋಡೆ ನೋಡಿ ಮೀನನ್ನು ನೆಲದ ಮೇಲೇ ಇಟ್ಟರು. ಅವರ ತಮ್ಮನನ್ನು ಕೊಂದದ್ದು ಆ ಗುಂಪಿನವರೇ ಎಂದು ನನಗೆ ತಿಳಿದದ್ದು ಆಗ. ಅವರು ನನಗೂ ಅರ್ಥವಾಗಲೆಂದು ಇಂಗ್ಲಿಷಿನಲ್ಲೇ ಮಾತಾಡಿದರು.

“ಇದು ನಮ್ಮಪ್ಪನ ಹೆಸರಿನ ಕೆಳಗಿದ್ದ ಪದ. ನನ್ನ ತಮ್ಮನ್ನ ಹೊಡೆದು ಹಾಕ್ದೋರು ಇದನ್ನೇ ತಮಗೆ ಹಾಕ್ಕೊಂಡ್ರು. ಗೋಡೆ ಮೇಲೂ ಬೇಕಾ ನಿಂಗೆ?”

“ಮತ್ತೆ ಇವನ್ನ ಏನಂತ ಕರೀಲಿ ನಾನು?”

“ಅಣ್ಣನ ಮಗ ಅಂತ ಕರಿ.”

ಹಾಗೆಂದು ಕುರ್ಚಿ ಹತ್ತಿದರು. ಬೀಳಬಾರದೆಂದು ಇಮಾನೋಲ್ ಅಂಕಲ್ ಅವರ ಸೊಂಟ ಹಿಡಿದುಕೊಂಡರು. ಜಗಳವಾಡುತ್ತಲೇ ಹಿಡಿದಿದ್ದರು. ಜೊಸೆಬಾ ಅಂಕಲ್ ಹಾರ ಎಳೆದರು. ಪ್ಲಾಸ್ಟಿಕ್ ಹಾರ, ಕಿತ್ತುಬರಲಿಲ್ಲ. ಎರಡು ಫೋಟೊನೂ ಒಟ್ಟಿಗೆ ಬಂದವು. ಇಮಾನೋಲ್ ಅಂಕಲ್ ಸೊಂಟ ಬಿಟ್ಟು, ಜೊಸೆಬಾ ಅಂಕಲ್ಲಿನ ಅಪ್ಪನ ಫೋಟೊವನ್ನು ಎರಡು ಕೈಯಲ್ಲಿ ಹಿಡಿದರು. ಅಣ್ಣನ ಮಗನದು ನೆಲಕ್ಕೆ ಬಿದ್ದು ಒಡೆಯಿತು. ಜೊಸೆಬಾ ಅಂಕಲ್ಲೂ ಬಿದ್ದರು, ಸೊಂಟದ ಮೂಳೆ ಮುರಿಯಿತು.

ಬಿದ್ದಲ್ಲಿಂದಲೇ ಅಪ್ಪನದು ಒಡೆಯಿತೇ ಎಂದು ಕೇಳಿದರು. ಇಲ್ಲ, ನನ್ನ ಹತ್ತಿರ ಇದೆ ಎಂದು ಇಮಾನೋಲ್ ಅಂಕಲ್ ಹೇಳಿದರು. ನಾನು ಆಂಬುಲೆನ್ಸ್‌ಗೆ ಫೋನ್ ಮಾಡಿದೆ.

ಇಮಾನೋಲ್ ಹಿಂದಿನಿಂದ ತಳ್ಳಿದ ಎಂದು ಜೊಸೆಬಾ ಅಂಕಲ್ ಆಸ್ಪತ್ರೆಯಲ್ಲಿ ಹೇಳಿದ್ದಾರೆ, ಕೇಸ್ ಆಗುತ್ತದೆ ಎಂದು ನೀವು ತಿಳಿಸಿದಿರಿ. ಇಮಾನೋಲ್ ಅಂಕಲ್ ನಿನ್ನೆ ನಮ್ಮ ಮನೆಗೆ ಬಂದು ಟೀ ಸಹ ಕುಡಿಯದೆ, “ತಳ್ದ ಅಂತಾನೇ ಬರೆಸು ಹಾಲಪ್ಪ, ನಂಗೆ ಸಾಕಾಗಿದೆ” ಎಂದರು. ಅವರು ಹೇಳಿದಂತೆ ಬರೆಸಲಾರೆ. ತಳ್ಳಲಿಲ್ಲ, ಕೈ ಬಿಟ್ಟರು. ಅದಕ್ಕೆ ನಿಮ್ಮಲ್ಲಿ ಯಾವ ಪದ ಇದೆಯೋ ಅದನ್ನು ನೀವೇ ಹಾಕಿಕೊಳ್ಳಿ.

ಇಷ್ಟೂ ನನ್ನ ಕಣ್ಣೆದುರು ನಡೆದದ್ದು. ಓದಿಸಿ ಕೇಳಿ, ಸರಿಯಿದೆ ಎಂದು ರುಜು ಹಾಕಿದ್ದೇನೆ.

ಸ್ಥಳ: ಬ್ರಿಸ್ಬೇನ್
ದಿನಾಂಕ: 14-8-2024
(ಸಹಿ) ಹಾಲಪ್ಪ